ಬೆರೆಯುವುದಿಲ್ಲ ಎಂಬ ದೂರು

“ಹುಡುಗಿ ತುಂಬಾ ಜಾಣೆ, ಆದ್ರೆ ಯಾರ ಜೊತೇಲೂ ಬೆರೆಯಲ್ಲ.” ಮೇಷ್ಟ್ರುಗಳು ಹೆತ್ತವರಿಗೆ, ಹೆತ್ತವರು ನೆಂಟರಿಗೆ ಹೇಳುವ ಈ ಮಾತಿನಲ್ಲಿ ಹೊಗಳಿಕೆ ಅರ್ಧ, ದೂರು ಅರ್ಧ. ದೂರು ಯಾರ ಮೇಲೆ ಎಂಬುದರಲ್ಲಿ ಯಾರಿಗೂ ಅನುಮಾನವಿರುವುದಿಲ್ಲ. ಬೆರೆಯದಿರುವುದು ಹುಡುಗಿಯ ಸ್ವಭಾವದ ಕೊರತೆ, ಆದ್ದರಿಂದ ತಿದ್ದಿಕೊಳ್ಳಬೇಕಾದವಳೂ ಅವಳೇ. ಹುಡುಗನೊಬ್ಬ ಹೀಗೇ ಮೂಲೆ ಹಿಡಿದು ಕೂತರೆ ಅವನನ್ನು ಗಂಭೀರ ಎನ್ನುತ್ತೇವೆ. ಹುಡುಗಿಯಾದರೆ ಜಂಭ, ಇಲ್ಲವೇ ಮಂಕು.

ಈ ದೂರನ್ನು ನಾನು ಒಪ್ಪುವುದಿಲ್ಲ. ಬೆರೆಯುವುದಕ್ಕೆ ಬೇಕಾದದ್ದು ಒಂದು ಏರ್ಪಾಟು. ಅವಳಿಲ್ಲದೆ ನಡೆಯದ ಒಂದು ಕೆಲಸ, ಆ ಕೆಲಸದಲ್ಲಿ ಅವಳಿಗೂ ಇತರರ ಆಸರೆ ಬೇಕಾಗುವ ಒಂದು ನಿಯಮ, ಇವೆರಡು ಇದ್ದರೆ ಎಂಥ ಮೌನಿಯೂ ಮಾತಾಡುತ್ತಾಳೆ. ಇವಿಲ್ಲದ ಕಡೆ ಬುದ್ಧಿವಾದ ಹೇಳಿ ಪ್ರಯೋಜನವಿಲ್ಲ.

ಇದಕ್ಕೆ ಉದಾಹರಣೆ ನಮ್ಮ ಗಡಿಯಲ್ಲೇ ಇದೆ. ಲೇಪಾಕ್ಷಿಯಿಂದ ಹಿಂದೂಪುರ ದಾಟಿ ಮಡಕಶಿರಾ ಕಡೆಗೆ ಹೊರಟರೆ ಬಸ್ಸಿನೊಳಗೆ ತೆಲುಗು ತೆಳುವಾಗುತ್ತ ಕನ್ನಡ ದಟ್ಟವಾಗುತ್ತದೆ. ಮಡಕಶಿರಾದಾಚೆ ಅಮರಾಪುರಂ ಮಂಡಲ. ನೊಳಂಬರ ರಾಜಧಾನಿಯಾಗಿದ್ದ ಹೆಂಜೇರು, ಅಂದರೆ ಇಂದಿನ ಹೇಮಾವತಿ, ಇರುವುದು ಅಲ್ಲೇ. 2022ರಿಂದ ಈ ಸೀಮೆ ಶ್ರೀ ಸತ್ಯಸಾಯಿ ಜಿಲ್ಲೆಗೆ ಸೇರಿದೆ. ಅದಕ್ಕೂ ಮೊದಲು ಅನಂತಪುರದ್ದಾಗಿತ್ತು. ಹೇಮಾವತಿಗೆ ಹತ್ತಿರದ ತಂಬಲಹಟ್ಟಿ ಎಂಬ ಊರಿನ ರೈತಾಪಿ ಮನೆಯಲ್ಲಿ ಹುಟ್ಟಿದವರು ಟಿ.ಸಿ. ದೀಪಿಕಾ. ಕೂಸಾಗಿದ್ದಾಗಲೇ ಅವರ ಕಣ್ಣಿಗೆ ಪೆಟ್ಟಾಯಿತು. ಓದಿದ್ದು ಗಡಿಯ ಈಚೆ, ಕರ್ನಾಟಕದ ವಿಶೇಷ ಶಾಲೆಗಳಲ್ಲಿ. ಕ್ರಿಕೆಟ್ ಕೂಡ ಅಲ್ಲೇ ಎದುರಾಯಿತು. ಮೊದಮೊದಲು ಹಿಂಜರಿದರು, ಶಿಕ್ಷಕರು ಬಿಡಲಿಲ್ಲ. 2025ರ ನವೆಂಬರ್ 23ರಂದು ಕೊಲಂಬೊದಲ್ಲಿ ಅಂಧ ಮಹಿಳೆಯರ ಮೊದಲ ಟಿ–20 ವಿಶ್ವಕಪ್ಪಿನ ಫೈನಲ್ ನಡೆದಾಗ ನೇಪಾಳವನ್ನು ಏಳು ವಿಕೆಟ್‌ಗಳಿಂದ ಸೋಲಿಸಿದ ಭಾರತ ತಂಡದ ನಾಯಕಿ ಅವರೇ.

ಗೆಲುವಿಗಿಂತ ನನಗೆ ಹೆಚ್ಚು ಕುತೂಹಲದ್ದಾಗಿ ಕಂಡದ್ದು ಆ ಆಟದ ನಿಯಮ. ಚೆಂಡು ಪ್ಲಾಸ್ಟಿಕ್ಕಿನದು, ಒಳಗೆ ಲೋಹದ ಗುಂಡುಗಳು. ಉರುಳಿದರೆ ಗಲಗಲ ಎನ್ನುತ್ತದೆ. ಬೌಲರ್ ಕೈ ಎತ್ತಿ ಎಸೆಯುವಂತಿಲ್ಲ, ಕೆಳಗಿನಿಂದಲೇ ಬಿಡಬೇಕು. ಬಿಡುವ ಮೊದಲು ‘ರೆಡಿ?’ ಎಂದು ಕೇಳಬೇಕು. ಬ್ಯಾಟುಗಾರ್ತಿ ‘ಯೆಸ್’ ಅನ್ನಬೇಕು. ಆಮೇಲೆ ‘ಪ್ಲೇ’ ಎಂದು ಕೂಗಿ ಚೆಂಡು ಬಿಡಬೇಕು. ಎದುರಾಳಿಯ ಒಪ್ಪಿಗೆ ಪಡೆಯದೆ ಒಂದು ಎಸೆತವೂ ಇಲ್ಲ. ಹನ್ನೊಂದು ಮಂದಿಯಲ್ಲಿ ಕನಿಷ್ಠ ನಾಲ್ವರು ದೃಷ್ಟಿಯೇ ಇಲ್ಲದವರಾಗಿರಬೇಕು. ಉಳಿದವರು ಒಂದಿಷ್ಟು ಕಾಣುವವರು. ಪೂರ್ತಿ ಕಾಣದವರು ಒಂದು ರನ್ ಹೊಡೆದರೆ ತಂಡದ ಲೆಕ್ಕಕ್ಕೆ ಎರಡು. ಅವರು ಬ್ಯಾಟು ಹಿಡಿದಾಗ ಅವರ ಪರವಾಗಿ ಮತ್ತೊಬ್ಬರು ಓಡಬಹುದು. ಓವರುಗಳಲ್ಲೂ ಒಂದು ಪಾಲನ್ನು ಅವರೇ ಎಸೆಯಬೇಕು.

ಇದನ್ನು ರಿಯಾಯಿತಿ ಎಂದು ಓದುವವರು ಲೆಕ್ಕ ತಪ್ಪುತ್ತಾರೆ. ಒಳ್ಳೆಯ ಆಟಗಾರ್ತಿಯೊಬ್ಬಳು ಎಲ್ಲವನ್ನೂ ತಾನೇ ಆಡಿ ಗೆಲ್ಲಿಸಿಬಿಡುತ್ತೇನೆಂದರೆ ಈ ನಿಯಮ ಬಿಡುವುದಿಲ್ಲ. ತನಗಿಂತ ಕಡಿಮೆ ಕಾಣುವವಳನ್ನು ಬದಿಗಿಟ್ಟರೆ ತಂಡಕ್ಕೇ ನಷ್ಟ. ಚೆಂಡು ಎತ್ತ ಹೋಯಿತು, ಓಡಬೇಕೋ ನಿಲ್ಲಬೇಕೋ ಎಂದು ಒಬ್ಬರಿಗೊಬ್ಬರು ಕೂಗಿ ಹೇಳಲೇಬೇಕು. ನಾಚಿಕೆ, ಸಂಕೋಚ, ಬಿಗುಮಾನಗಳನ್ನು ಇಟ್ಟುಕೊಂಡು ಆಡಲಾಗುವ ಆಟವೇ ಅಲ್ಲ ಅದು. ಆ ತಂಡದ ಹದಿನಾರು ಮಂದಿ ಒಂಬತ್ತು ರಾಜ್ಯಗಳಿಂದ ಬಂದವರು. ಒಬ್ಬರ ಮನೆಮಾತು ಇನ್ನೊಬ್ಬರಿಗೆ ತಿಳಿಯದು. ಬಹಳಷ್ಟು ಮಂದಿ ಹಳ್ಳಿಯವರು. ವ್ಯಕ್ತಿತ್ವ ವಿಕಸನದ ಶಿಬಿರವೊಂದು ಅವರನ್ನು ಒಂದುಮಾಡಿತೆಂದು ನಾನಂತೂ ನಂಬಲಾರೆ. ಆ ಕೆಲಸ ಮಾಡಿದ್ದು ‘ರೆಡಿ? ಯೆಸ್. ಪ್ಲೇ’ ಎಂಬ ಮೂರು ಮಾತು.

ಲೇಪಾಕ್ಷಿಯ ಗುಡಿಯಲ್ಲಿ ಗೈಡುಗಳು ಹೇಳುವ ವಿರೂಪಣ್ಣನ ಕಥೆ ಇಲ್ಲಿ ನೆನಪಾಗುತ್ತದೆ. ಬೊಕ್ಕಸದ ಹಣವನ್ನು ಗುಡಿಗೆ ಸುರಿದನೆಂಬ ಆರೋಪ ಹೊತ್ತ ಆತ, ಅರಸನ ಶಿಕ್ಷೆಗೆ ಕಾಯದೆ ತನ್ನ ಕಣ್ಣುಗಳನ್ನು ತಾನೇ ಕಿತ್ತು ಗೋಡೆಗೆ ಎಸೆದನಂತೆ. ಗೋಡೆಯ ಮೇಲಿನ ಎರಡು ಕೆಂಪು ಕಲೆಗಳನ್ನೂ ತೋರಿಸುತ್ತಾರೆ. ಕಲ್ಯಾಣ ಮಂಟಪ ಅರ್ಧಕ್ಕೇ ನಿಂತದ್ದು ಅದಕ್ಕೇ ಎನ್ನುತ್ತಾರೆ. ಕಥೆ ನಿಜವಾಗಿರಬೇಕಿಲ್ಲ. ಅದರೊಳಗಿನ ನಂಬಿಕೆ ಮಾತ್ರ ನಮ್ಮಲ್ಲಿ ಗಟ್ಟಿಯಾಗಿದೆ: ಕಣ್ಣು ಹೋದರೆ ಕೆಲಸವೂ ಹೋಯಿತು, ಕೆಲಸ ಹೋದರೆ ಜನರ ನಡುವಿನ ಜಾಗವೂ ಹೋಯಿತು. ಮಂಟಪ ಕಟ್ಟುತ್ತಿದ್ದ ಶಿಲ್ಪಿಗಳಲ್ಲಿ ಒಬ್ಬನೂ ವಿರೂಪಣ್ಣನ ಬಳಿ ಬಂದು ಮುಂದೇನೆಂದು ಕೇಳಿದಂತೆ ಕಥೆಯಲ್ಲಿ ಬರುವುದಿಲ್ಲ.

ಒಂದು ಆಕ್ಷೇಪ ಬರಬಹುದು. ಪ್ರತಿಭೆಗೆ ಏಕಾಂತ ಬೇಡವೇ? ಎಲ್ಲರನ್ನೂ ತಂಡಕ್ಕೆ ಎಳೆದುತಂದರೆ ಅಕ್ಕಮಹಾದೇವಿಯಂಥವರು ಹುಟ್ಟುತ್ತಾರೆಯೇ? ಅಕ್ಕನ ಹೆಸರನ್ನು ಒಂಟಿತನದ ಪರವಾಗಿ ಬಳಸುವವರು ಅವಳ ದಾರಿಯ ನಡುವಿನ ಒಂದು ಊರನ್ನು ಮರೆಯುತ್ತಾರೆ. ಉಡುತಡಿಯಿಂದ ಹೊರಟವಳು ನೇರ ಶ್ರೀಶೈಲಕ್ಕೆ ಹೋಗಲಿಲ್ಲ, ಕಲ್ಯಾಣಕ್ಕೆ ಹೋದಳು. ಅಲ್ಲಿ ಅಲ್ಲಮ ಅವಳನ್ನು ಕೈಮುಗಿದು ಸ್ವಾಗತಿಸಲಿಲ್ಲ. ಶೂನ್ಯಸಂಪಾದನೆಯಲ್ಲಿ ಕಾಣುವಂತೆ ಕಟುವಾಗಿಯೇ ಪ್ರಶ್ನಿಸಿದ. ಶರಣರು ಅವಳನ್ನು ತಮ್ಮ ಸಮಕ್ಕೆ ಇಟ್ಟು ವಾದಕ್ಕೆ ಕರೆದದ್ದರಿಂದಲೇ ಅವಳಿಗೆ ಅವರ ನಡುವೆ ಜಾಗ ಸಿಕ್ಕಿತು. ಅದಾದ ಮೇಲೆ ಅವಳು ಒಬ್ಬಳೇ ಕದಳಿಗೆ ಹೋದಳು. ಹಾಗೆ ಹೋಗುವ ಹೊತ್ತಿಗೆ ಅವಳಿಗೆ ಅಣ್ಣಂದಿರಿದ್ದರು.

ಆ ಜಾಗ ಉಳಿಯದಿದ್ದರೆ ಏನಾಗುತ್ತದೆ ಎಂಬುದಕ್ಕೆ ನಂಜನಗೂಡಿನ ತಿರುಮಲಾಂಬ ಇದ್ದಾರೆ. 1887ರಲ್ಲಿ ಹುಟ್ಟಿ, ಬಾಲ್ಯ ಕಳೆಯುವಷ್ಟರಲ್ಲೇ ವಿಧವೆಯಾಗಿ, ಮನೆಯೊಳಗೇ ಓದಿ, 1913ರಲ್ಲಿ ಸತೀಹಿತೈಷಿಣೀ ಗ್ರಂಥಮಾಲೆ ಶುರುಮಾಡಿದರು. ಪುಸ್ತಕ ಬರೆದರು, ಪ್ರಕಟಿಸಿದರು, ಪತ್ರಿಕೆ ನಡೆಸಿದರು. ಹೊಸ್ತಿಲು ದಾಟಲು ಬಿಡದ ಕಾಲದಲ್ಲಿ ಅಚ್ಚಿನ ಮೂಲಕವೇ ನೂರಾರು ಹೆಂಗಸರ ಜೊತೆ ಮಾತಾಡಿದವರು. ಆದರೆ ಆ ಕೆಲಸ ನಿಂತ ಮೇಲೆ ಅವರು ಬದುಕಿದ್ದು ದಶಕಗಟ್ಟಲೆ, 1982ರವರೆಗೆ. ಸಾಹಿತ್ಯಲೋಕಕ್ಕೆ ಬಹುಕಾಲ ಅವರ ಸುಳಿವೇ ಇರಲಿಲ್ಲ. ಇಲ್ಲಿ ಬೆರೆಯದವರು ಯಾರು, ಅವರೋ ನಾವೋ?

ಇನ್ನೊಂದು ಆಕ್ಷೇಪಕ್ಕೆ ತೂಕ ಹೆಚ್ಚು. ಅಂಧರ ತಂಡ ಅಂಧರಿಗೇ ಮೀಸಲಾದ ಇನ್ನೊಂದು ಹಟ್ಟಿಯಾಗಲಿಲ್ಲವೇ, ಹೊರಜಗತ್ತು ಹಾಗೇ ಉಳಿಯಿತಲ್ಲವೇ? ಅಪಾಯ ಇದೆ, ಒಪ್ಪುತ್ತೇನೆ. ಆದರೆ ಗೆದ್ದು ಬಂದ ಮೇಲೆ, 2025ರ ಡಿಸೆಂಬರಿನಲ್ಲಿ, ಆಂಧ್ರದ ಉಪಮುಖ್ಯಮಂತ್ರಿ ಪವನ್ ಕಲ್ಯಾಣ್ ತಂಡವನ್ನು ಕರೆದಾಗ ದೀಪಿಕಾ ಮುಂದಿಟ್ಟ ಬೇಡಿಕೆಯನ್ನು ನೋಡಿ. ತಮ್ಮೂರಿಗೆ ಸರಿಯಾದ ರಸ್ತೆ ಬೇಕೆಂದರು. ಮಂಜೂರಾತಿಯೂ ಸಿಕ್ಕಿತು. ತಂಡದಲ್ಲಿ ದನಿ ಎತ್ತಿ ಕೂಗಲು ಕಲಿತವರು ಸರ್ಕಾರದ ಮುಂದೆ ತಂಬಲಹಟ್ಟಿಯ ಎಲ್ಲರ ಪರವಾಗಿ ಮಾತಾಡಿದ್ದರಲ್ಲಿ ನನಗೇನೂ ಆಶ್ಚರ್ಯ ಕಾಣುವುದಿಲ್ಲ. ಕಣ್ಣಿರುವ ಎಷ್ಟು ಜನ ಆ ರಸ್ತೆಯನ್ನು ಅಷ್ಟು ವರ್ಷ ನೋಡುತ್ತಲೇ ಇದ್ದರೋ!

ಎಲ್ಲ ಊರಲ್ಲೂ ಇಂಥ ತಂಡ ಕಟ್ಟಲಾಗದು, ಎಲ್ಲ ಒಂಟಿ ಹುಡುಗಿಯರಿಗೂ ಕ್ರಿಕೆಟ್ ಒಗ್ಗದು. ಅದು ಬೇಕಾಗಿಯೂ ಇಲ್ಲ. ಗಡಿಭಾಗದ ಕನ್ನಡ ಶಾಲೆಯ ಮೇಷ್ಟ್ರು, ಟೀಚರುಗಳಲ್ಲಿ ನನ್ನದೊಂದು ಕೋರಿಕೆ. ಕೊನೆಯ ಬೆಂಚಿನಲ್ಲಿ ಗಣಿತ ಬಿಡಿಸುತ್ತ ಕೂತಿರುವ ಹುಡುಗಿಗೆ ಬಹುಮಾನ ಕೊಟ್ಟು ಅಲ್ಲೇ ಕೂರಿಸಬೇಡಿ. ಶಾಲಾ ವಾರ್ಷಿಕೋತ್ಸವದ ಜಮಾಖರ್ಚನ್ನು ಅವಳ ಕೈಗೆ ಕೊಡಿ. ಚಂದಾ ಎತ್ತಲು, ಅಂಗಡಿಗೆ ಹೋಗಿ ಚೌಕಾಸಿ ಮಾಡಲು ಬಲ್ಲ ಇಬ್ಬರು ಗೆಳತಿಯರನ್ನು ಜೊತೆಗೆ ಹಾಕಿ. ಲೆಕ್ಕ ಅವಳಿಲ್ಲದೆ ಮುಗಿಯಬಾರದು, ಹಣ ಅವರಿಲ್ಲದೆ ಬರಬಾರದು. ಮೊದಲ ವಾರ ಮೂವರೂ ಜಗಳ ಮಾಡುತ್ತಾರೆ. ದಯವಿಟ್ಟು ಬಿಡಿಸಲು ಹೋಗಬೇಡಿ.