ಆಪ್ತರ ಹೆಸರಿನಲ್ಲಿ ಬರುವ ಕರೆ



ನಮ್ಮ ಮನೆತನಗಳಲ್ಲಿ ‘ಕರೆ’ ಎಂಬುದಕ್ಕೆ ಒಂದು ತೂಕವಿದೆ. ಮದುವೆಯಿರಲಿ, ತೊಟ್ಟಿಲ ಕಾರ್ಯವಿರಲಿ, ಹೊಸ ಮನೆಯ ಪ್ರವೇಶವಿರಲಿ, ಆ ಮನೆಯ ಹಿರಿಯರೊಬ್ಬರು ಹೊಸ್ತಿಲು ದಾಟಿ ಬಂದು, ಕುಳಿತು, ನೀರು ಕುಡಿದು, ಪತ್ರಿಕೆಯನ್ನು ಕೈಗಿತ್ತು ಬಾಯಿತುಂಬ ಹೇಳಿ ಹೋದರೆ ಅದು ಕರೆ. ಅಂಚೆಯಲ್ಲಿ ಬಂದ ಪತ್ರಿಕೆಯನ್ನು ಕೈಯಲ್ಲಿ ಹಿಡಿದುಕೊಂಡೇ “ನಮ್ಮನ್ನು ಕರೆಯಲೇ ಇಲ್ಲ” ಎಂದು ಮುನಿಸಿಕೊಂಡವರನ್ನು ನಾವೆಲ್ಲ ಕಂಡಿದ್ದೇವೆ. ಕರೆದ ಮೇಲೂ ಹೋಗದವರ ಮಾತು ಎರಡು ತಲೆಮಾರಿನವರೆಗೆ ಉಳಿಯುವುದೂ ಉಂಟು. ಇಂತಹ ರೂಢಿಯಲ್ಲಿ ಬೆಳೆದ ನಮ್ಮ ಅಂಗೈಯಲ್ಲಿ ಇಂದು ಮೊಬೈಲ್ ಫೋನು ಕುಳಿತಿದೆ. ಅದರೊಳಗೆ ದಿನಕ್ಕೆ ಹತ್ತಿಪ್ಪತ್ತು ಕರೆಗಳು ಬಂದು ಬೀಳುತ್ತವೆ. ಸೋದರಮಾವನವರು ನಮ್ಮನ್ನು ಆಟಕ್ಕೆ ಕರೆಯುತ್ತಿದ್ದಾರಂತೆ. ಬೀಗರು ನಮ್ಮಿಂದ ಒಂದು ‘ಜೀವ’ವನ್ನು ಬೇಡುತ್ತಿದ್ದಾರಂತೆ. ಮಗಳ ಶಾಲೆಯ ಗುರುಗಳು ನಮಗೆ ಹತ್ತು ಚಿನ್ನದ ನಾಣ್ಯಗಳನ್ನು ಕಳುಹಿಸಿದ್ದಾರಂತೆ. ಹೌದೆನ್ನಬೇಕೋ, ಇಲ್ಲವೆನ್ನಬೇಕೋ, ಸುಮ್ಮನಿದ್ದರೆ ಅವರು ತಪ್ಪು ತಿಳಿದಾರೋ ಎಂದು ತೋಚದೆ ಅನೇಕ ಗೃಹಸ್ಥರು ತೊಳಲಾಡುತ್ತಿದ್ದಾರೆ.

ಕಳೆದ ವರ್ಷದ ಶ್ರಾವಣದಲ್ಲಿ ನಮಗಾದ ಅನುಭವವನ್ನು ಮೊದಲು ನಿವೇದಿಸಿಕೊಳ್ಳದೆ ಈ ವಿಷಯಕ್ಕೆ ಇಳಿಯಲಾರೆವು. ಬೈಲಹೊಂಗಲದ ಕಡೆಯ ಹಳ್ಳಿಯೊಂದರಲ್ಲಿ ನಮ್ಮ ಹಿರಿಯ ಅಕ್ಕನವರು ಇದ್ದಾರೆ. ಅವರ ಮೊಮ್ಮಗನು ಅಜ್ಜಿಗೆ ಹೊಸ ಫೋನು ತಂದುಕೊಟ್ಟು, ಫೇಸ್‌ಬುಕ್ ಖಾತೆಯನ್ನೂ ತೆರೆದು, ಬಣ್ಣದ ಗುಂಡುಗಳನ್ನು ಜೋಡಿಸುವ ಒಂದು ಆಟವನ್ನೂ ಕಲಿಸಿ ಊರಿಗೆ ಹೋದನು. ಅಂದಿನಿಂದ ಬೆಳಗಿನ ಐದೂವರೆಗೆ, ನಾವು ಪೂಜೆಗೆ ಕುಳಿತ ಹೊತ್ತಿಗೆ ಸರಿಯಾಗಿ, ಪಡಸಾಲೆಯಲ್ಲಿದ್ದ ನಮ್ಮ ಫೋನು ಗುಂಯ್‌ಗುಡಲು ತೊಡಗಿತು. ಅಕ್ಕನ ಹೆಸರು, ಅಕ್ಕನ ಭಾವಚಿತ್ರ, ಅದರ ಬದಿಗೆ ಆಟದ ಆಹ್ವಾನ. ಒಂದು ದಿನ ಒಂಬತ್ತು ಬಂದವು. ನಾವು ಸಹನೆ ಕಳೆದುಕೊಂಡು, “ಅಕ್ಕಾ, ಈ ವಯಸ್ಸಿನಲ್ಲಿ ನಿನಗಿದು ತರವೇ? ನಮಗೆ ಬೇರೆ ಕೆಲಸಗಳಿವೆ” ಎಂದು ಬರೆದುಬಿಟ್ಟೆವು. ಅವರಿಂದ ಉತ್ತರ ಬರಲಿಲ್ಲ. ಆಹ್ವಾನಗಳು ಮಾತ್ರ ನಿಲ್ಲಲಿಲ್ಲ. ಅಂದಿನಿಂದ ರಾತ್ರಿ ಮಲಗುವಾಗ ಫೋನನ್ನು ಪೂರ್ತಿ ಮೌನಕ್ಕೆ ಹಾಕಿ ಬೆಳಿಗ್ಗೆ ಪೂಜೆ ಮುಗಿದ ಮೇಲೆ ನೋಡುವುದನ್ನು ರೂಢಿಸಿಕೊಂಡೆವು.

ಹೀಗೆ ಮೂರು ವಾರ ಕಳೆದಿರಬಹುದು. ಒಂದು ರಾತ್ರಿ ಎರಡರ ಸುಮಾರಿಗೆ ಭಾವನವರಿಗೆ ಎದೆನೋವು ಕಾಣಿಸಿಕೊಂಡಿತು. ಅಕ್ಕನವರು ನಮಗೆ ಎರಡು ಸಲ ಫೋನು ಮಾಡಿದರು. ಮೂರನೆಯ ಸಲ ಮಾಡಲಿಲ್ಲ. ನೆರೆಯವರು ವಾಹನ ಮಾಡಿಕೊಂಡು ಬೆಳಗಾವಿಯ ಆಸ್ಪತ್ರೆಗೆ ಮುಟ್ಟಿಸಿದರು. ನಾವು ಪೂಜೆ ಪೂರೈಸಿ ಫೋನನ್ನು ಕೈಗೆತ್ತಿಕೊಂಡಾಗ ಏಳು ಗಂಟೆ. ಅಲ್ಲಿ ಅಕ್ಕನ ಹೆಸರನ್ನು ಕಂಡು ‘ಮತ್ತೆ ಆಟವೇ’ ಎಂದು ಕೆಳಗಿಟ್ಟೆವು ಎಂಬುದನ್ನು ಬರೆಯುವುದಕ್ಕೆ ಇಂದಿಗೂ ಕೈ ಹಿಂಜರಿಯುತ್ತದೆ. ಮಧ್ಯಾಹ್ನ ಸೋದರಳಿಯನಿಂದ ವಿಷಯ ತಿಳಿಯಿತು. ಭಾವನವರು ಗುಣಮುಖರಾಗಿ ಹೊಲದ ಕಡೆಗೆ ಓಡಾಡಿಕೊಂಡಿದ್ದಾರೆ. ಆದರೆ ಆ ದಿನ ಆಸ್ಪತ್ರೆಯ ಬಾಂಕಿನ ಮೇಲೆ ಕುಳಿತು ಅಕ್ಕನವರು ಆಡಿದ ಮಾತು ನಮ್ಮನ್ನು ಬಿಟ್ಟಿಲ್ಲ: “ನಿನಗ ತ್ರಾಸ ಆಗತದ ಅಂತ ಮತ್ತ ಹಚ್ಚಲಿಲ್ಲೋ ತಮ್ಮಾ.” ಆಟದ ಆಹ್ವಾನಗಳ ಮಾತೆತ್ತಿದಾಗ ಅವರಿಗೇ ಆಶ್ಚರ್ಯ. “ಅವನ್ನ ನಾ ಎಲ್ಲಿ ಕಳಸೀನಿ? ಮುಂದಕ ಹೋಗಬೇಕಂದ್ರ ಅಲ್ಲೊಂದು ಹಸರ ಗುಂಡಿ ಇರತದ, ಅದನ್ನ ಒತ್ತೀನಿ ಅಷ್ಟ.”

ಆ ಹಸಿರು ಗುಂಡಿಯ ಹಿಂದೆ ಏನಿದೆ ಎಂಬುದನ್ನು ಆಮೇಲೆ ನಾವು ಶ್ರದ್ಧೆಯಿಂದ ತಿಳಿದುಕೊಂಡೆವು. 2009ರ ಜೂನ್ ತಿಂಗಳಲ್ಲಿ ಅಮೆರಿಕದ ಜಿಂಗಾ ಎಂಬ ಸಂಸ್ಥೆಯು ಫೇಸ್‌ಬುಕ್ಕಿನಲ್ಲಿ ‘ಫಾರ್ಮ್‌ವಿಲ್’ ಎಂಬ ಬೇಸಾಯದ ಆಟವನ್ನು ಹೊರತಂದಿತು. ತೆರೆಯ ಮೇಲೆ ಉತ್ತುವುದು, ಬಿತ್ತುವುದು, ದನ ಸಾಕುವುದು. ಹೊಲ ಬೆಳೆಯಬೇಕಾದರೆ ‘ನೆರೆಹೊರೆ’ಯವರು ಬೇಕು, ನೆರೆಹೊರೆಯೆಂದರೆ ಫೇಸ್‌ಬುಕ್ಕಿನ ಗೆಳೆಯರು. ಆದಕಾರಣ ಆಡುವವನು ಆಡದವರ ಬಾಗಿಲನ್ನೆಲ್ಲ ತಟ್ಟಲೇಬೇಕಾಯಿತು. ಕಾಟ ವಿಪರೀತವಾದಾಗ 2010ರಲ್ಲಿ ಫೇಸ್‌ಬುಕ್ ಸಂಸ್ಥೆಯೇ ಅದಕ್ಕೆ ಒಂದಿಷ್ಟು ಕಡಿವಾಣ ಹಾಕಿತು. ಆ ಆಟವು 2020ರ ಡಿಸೆಂಬರ್ 31ರಂದು ಮುಚ್ಚಿಹೋಯಿತಾದರೂ ಅದು ಹಾಕಿಕೊಟ್ಟ ದಾರಿ ಅಳಿಯಲಿಲ್ಲ. 2012ರಲ್ಲಿ ಬಂದ ‘ಕ್ಯಾಂಡಿ ಕ್ರಷ್’ ಎಂಬ ಮಿಠಾಯಿ ಜೋಡಿಸುವ ಆಟದಲ್ಲಿ ಆಡುವವರಿಗೆ 5 ಜೀವಗಳು. ಸೋತಂತೆ ಒಂದೊಂದು ಕಳೆಯುತ್ತದೆ. ಕಳೆದ ಜೀವ ತಾನಾಗಿ ಮರಳಬೇಕಾದರೆ 30 ನಿಮಿಷ ಕಾಯಬೇಕು. ಕಾಯಲು ಒಲ್ಲದವರು ಹಣ ತೆರಬೇಕು, ಇಲ್ಲವೇ ಗೆಳೆಯರನ್ನು ಬೇಡಬೇಕು. ಕೆಲವು ಹಂತಗಳನ್ನು ದಾಟಿದ ಬಳಿಕ ಮುಂದಿನ ಬಾಗಿಲು ತೆರೆಯುವುದಕ್ಕೆ ಮೂವರು ಗೆಳೆಯರ ನೆರವು ಬೇಕೆನ್ನುವ ಏರ್ಪಾಡೂ ಇತ್ತು.

ಇಲ್ಲಿಯೇ ವಿಷಯದ ಮರ್ಮವಿದೆ. ಪತ್ರಿಕೆಯಲ್ಲಿ ಜಾಹೀರಾತು ಹಾಕಿದರೆ ನಾವು ಪುಟ ಮಗುಚುತ್ತೇವೆ. ಅಕ್ಕನ ಹೆಸರಿನಲ್ಲಿ ಕರೆ ಬಂದರೆ ಮಗುಚಲಾರೆವು. ಕಾಸು ಖರ್ಚಿಲ್ಲದೆ ಅಕ್ಕ–ತಮ್ಮಂದಿರ ವಿಶ್ವಾಸವನ್ನೇ ಬಂಡವಾಳ ಮಾಡಿಕೊಂಡ ವ್ಯಾಪಾರವಿದು. ‘ಮುಂದುವರಿಯಿರಿ’ ಎಂದು ಬರೆದ ದೊಡ್ಡ ಗುಂಡಿ, ಪಕ್ಕದಲ್ಲಿ ಕಣ್ಣಿಗೆ ಬೀಳದಷ್ಟು ಸಣ್ಣ ಅಕ್ಷರದಲ್ಲಿ ‘ಬೇಡ’. ಅರವತ್ತು ದಾಟಿದ ಕಣ್ಣುಗಳಿಗೆ ಯಾವುದು ಕಾಣುತ್ತದೆ ಎಂಬುದನ್ನು ಅದನ್ನು ರಚಿಸಿದವರು ಬಲ್ಲರು.

ಈ ಬೇಸರ ನಮ್ಮೊಬ್ಬರದಲ್ಲ. 2015ರ ಅಕ್ಟೋಬರ್ 28ರಂದು ಫೇಸ್‌ಬುಕ್ಕಿನ ಸ್ಥಾಪಕರಾದ ಮಾರ್ಕ್ ಜುಕರ್‌ಬರ್ಗ್ ಅವರು ದೆಹಲಿಯ ಐಐಟಿಯಲ್ಲಿ ಸಭೆ ನಡೆಸಿ ಪ್ರಶ್ನೆಗಳಿಗೆ ಉತ್ತರಿಸಿದರು. ಮುಂಚಿತವಾಗಿ ಬಂದ ಪ್ರಶ್ನೆಗಳ ಪೈಕಿ ಅತಿ ಹೆಚ್ಚು ಜನರು ಒಪ್ಪಿ ಮುಂದಿಟ್ಟ ಪ್ರಶ್ನೆ ಯಾವುದು ಬಲ್ಲಿರಾ? ‘ಕ್ಯಾಂಡಿ ಕ್ರಷ್’ ಆಹ್ವಾನಗಳನ್ನು ನಿಲ್ಲಿಸುವುದು ಹೇಗೆ ಎಂಬುದು! ಆಟವನ್ನು ಎಂದೂ ಆಡದವರಿಗೂ ಆಹ್ವಾನ ಕಳುಹಿಸಲು ಅವಕಾಶ ಕೊಡುವ ಹಳೆಯ ಸಾಧನಗಳು ತಮ್ಮಲ್ಲಿ ಉಳಿದುಕೊಂಡಿವೆಯೆಂದು ಅವರು ಒಪ್ಪಿಕೊಂಡರು; ಸಭೆಗೆ ಬರುವ ಮುನ್ನವೇ ಸಂಬಂಧಪಟ್ಟವರಿಗೆ ಇದನ್ನು ಸರಿಪಡಿಸಲು ಬರೆದಿರುವುದಾಗಿಯೂ ತಿಳಿಸಿದರು. ಸಭಿಕರು ನಕ್ಕು ಚಪ್ಪಾಳೆ ತಟ್ಟಿದರು. ಒಂದು ದೇಶದ ಬುದ್ಧಿವಂತ ತರುಣರೆಲ್ಲ ಸೇರಿದ ಕಡೆ ಕೇಳಬೇಕಾದ ಮೊದಲ ಪ್ರಶ್ನೆ ಇದೇ ಆಯಿತಲ್ಲ ಎಂದು ನಮಗೆ ಆಗ ನಗೆ ಬಂದಿತ್ತು, ಈಗ ಬರುವುದಿಲ್ಲ.

ಇನ್ನು ಪರಿಹಾರದ ಮಾತು. ಈ ಉಪದ್ರವಕ್ಕೆ ಎರಡು ಬಾಗಿಲುಗಳಿವೆ ಎಂಬುದನ್ನು ಮನಗಾಣಬೇಕು. ಆಹ್ವಾನವು ಹುಟ್ಟುವುದು ಫೇಸ್‌ಬುಕ್ಕಿನ ಒಳಗೆ. ಸದ್ದು ಮಾಡುವುದು ನಮ್ಮ ಫೋನಿನಲ್ಲಿ. ಫೋನಿನ ಬಾಗಿಲನ್ನು ಮಾತ್ರ ಮುಚ್ಚಿದರೆ ಸದ್ದು ಅಡಗುತ್ತದೆ, ಆಹ್ವಾನಗಳು ಒಳಗೆ ರಾಶಿ ಬೀಳುತ್ತಲೇ ಇರುತ್ತವೆ.

ಮೊದಲು ಒಳಗಿನ ಬಾಗಿಲು. ಫೇಸ್‌ಬುಕ್ಕಿನ ಸೆಟ್ಟಿಂಗ್ಸ್‌ಗೆ ಹೋದರೆ ‘ಬ್ಲಾಕಿಂಗ್’ ಎಂಬ ವಿಭಾಗವಿದೆ. ವ್ಯಕ್ತಿಯನ್ನೇ ತಡೆಯುವುದು ಅಲ್ಲಿ ಒಂದು ಬಗೆ. ಆ ವ್ಯಕ್ತಿಯಿಂದ ಬರುವ ಆ್ಯಪ್ ಆಹ್ವಾನಗಳನ್ನಷ್ಟೇ ತಡೆಯುವುದು ಇನ್ನೊಂದು ಬಗೆ. ಆಟವನ್ನೇ ಹೆಸರು ಹಿಡಿದು ತಡೆಯುವುದು ಮತ್ತೊಂದು. ಕೋಪದ ಭರದಲ್ಲಿ ಬಹುಜನರು ಮೊದಲನೆಯದಕ್ಕೆ ಕೈ ಹಾಕುತ್ತಾರೆ, ಅಥವಾ ‘ಅನ್‌ಫ್ರೆಂಡ್’ ಮಾಡುತ್ತಾರೆ. ಮುಂದಿನ ಮದುವೆಯಲ್ಲಿ ಎದುರುಬದುರಾದಾಗ ಅದಕ್ಕೆ ಸಮಜಾಯಿಷಿ ಹೇಳುವುದು ಬಲು ಕಷ್ಟ. ಎರಡನೆಯ ಅಥವಾ ಮೂರನೆಯ ಬಗೆಯನ್ನು ಹಿಡಿದರೆ ನಂಟು ನಂಟಿನಂತೆಯೇ ಇರುತ್ತದೆ, ಅವರ ಪತ್ರ, ಚಿತ್ರಗಳು ಎಂದಿನಂತೆ ಬರುತ್ತವೆ. ನೀವು ತಡೆದಿರುವಿರೆಂಬ ಸುದ್ದಿಯೂ ಅವರಿಗೆ ಹೋಗುವುದಿಲ್ಲ. ಅದೇ ಸೆಟ್ಟಿಂಗ್ಸ್‌ನ ‘ಆ್ಯಪ್ಸ್ ಮತ್ತು ವೆಬ್‌ಸೈಟ್ಸ್’ ಎಂಬ ಕಡೆ, ನಿಮ್ಮ ಖಾತೆಗೆ ಎಂದೋ ಅಂಟಿಕೊಂಡು ಮರೆತುಹೋದ ಆಟಗಳ ಪಟ್ಟಿ ಕಾಣುತ್ತದೆ. ಅಕ್ಕನವರ ಖಾತೆಯಲ್ಲಿ ಹದಿನಾಲ್ಕಿದ್ದವು! ಮೊಮ್ಮಗನು ರಜೆಯಲ್ಲಿ ಬಂದಾಗಲೆಲ್ಲ ಸೇರಿಸಿದ್ದು. ಒಂದನ್ನುಳಿದು ಎಲ್ಲವನ್ನೂ ತೆಗೆದೆವು.

ಹೊರಗಿನ ಬಾಗಿಲು ಸುಲಭ. ಸೂಚನೆಯೊಂದು ಪರದೆಯ ಮೇಲೆ ಬಂದಾಗ ಅದನ್ನು ಸರಿಸಿ ಹಾಕುವ ಬದಲು ಬೆರಳಿನಿಂದ ಒತ್ತಿ ಹಿಡಿಯಿರಿ. ಆ ಆ್ಯಪ್‌ನ ನೋಟಿಫಿಕೇಶನ್ ನಿಲ್ಲಿಸುವ ಆಯ್ಕೆ ಅಲ್ಲಿಯೇ ತೆರೆದುಕೊಳ್ಳುತ್ತದೆ. ಆ್ಯಂಡ್ರಾಯ್ಡ್ ಫೋನುಗಳಲ್ಲಿ 2017ರ ಎಂಟನೆಯ ಆವೃತ್ತಿಯಿಂದ ಈಚೆಗೆ ಒಂದೇ ಆ್ಯಪ್‌ನ ಸೂಚನೆಗಳನ್ನು ಬಗೆಬಗೆಯಾಗಿ ವಿಂಗಡಿಸಿ, ಬೇಕಾದುದನ್ನು ಇಟ್ಟುಕೊಂಡು ಬೇಡವಾದುದನ್ನು ನಿಲ್ಲಿಸಲು ಬರುತ್ತದೆ. 2022ರ ಹದಿಮೂರನೆಯ ಆವೃತ್ತಿಯಿಂದ ಹೊಸ ಆ್ಯಪ್ ತನ್ನ ಸೂಚನೆ ಕಳುಹಿಸಲು ನಮ್ಮ ಅಪ್ಪಣೆಯನ್ನು ಮೊದಲೇ ಕೇಳಬೇಕು. ಕೇಳಿದಾಗ ಅವಸರದಲ್ಲಿ ‘ಅಲೌ’ ಎಂದು ಒತ್ತುವವರೇ ಹೆಚ್ಚು. ಆಟವು ನಮ್ಮ ಫೋನಿನಲ್ಲಿರುವ ನಂಬರುಗಳ ಪಟ್ಟಿಯನ್ನು ನೋಡಲು ಅನುಮತಿ ಕೇಳಿದರಂತೂ ಸರ್ವಥಾ ಕೊಡಬಾರದು. ಗುಂಡು ಜೋಡಿಸುವುದಕ್ಕೆ ನಮ್ಮ ಬೀಗರ ನಂಬರು ಅದಕ್ಕೇಕೆ? ಆಟವನ್ನೆಲ್ಲ ತೆಗೆದ ಮೇಲೂ ಸೂಚನೆಗಳು ಬರುತ್ತಿದ್ದರೆ ಕ್ರೋಮ್ ಬ್ರೌಸರಿನ ಸೆಟ್ಟಿಂಗ್ಸ್‌ನಲ್ಲಿ ‘ನೋಟಿಫಿಕೇಶನ್ಸ್’ ನೋಡಿರಿ. ಯಾವುದೋ ವೆಬ್‌ಸೈಟಿಗೆ ಎಂದೋ ಹೂಂ ಎಂದದ್ದು ಅಲ್ಲಿ ದಾಖಲಾಗಿರುತ್ತದೆ. ವಾಟ್ಸಾಪಿನಲ್ಲಿ ಅಪರಿಚಿತರು ನಿಮ್ಮನ್ನು ಗುಂಪುಗಳಿಗೆ ಎಳೆದುಕೊಳ್ಳುತ್ತಿದ್ದರೆ ‘ಪ್ರೈವಸಿ’ಯಲ್ಲಿ ‘ಗ್ರೂಪ್ಸ್’ ಎಂಬುದನ್ನು ತೆರೆದು, ನಿಮ್ಮ ಪರಿಚಿತರಷ್ಟೇ ಸೇರಿಸಬಹುದೆಂದು ಗೊತ್ತುಪಡಿಸಬಹುದು.

ನಾವು ಮಾಡಿದ ತಪ್ಪನ್ನು ಯಾರೂ ಮಾಡಬಾರದೆಂಬ ಕಾರಣಕ್ಕೆ ಒಂದು ಸಂಗತಿಯನ್ನು ಬಿಡಿಸಿ ಹೇಳುತ್ತೇವೆ. ಪೂರ್ತಿ ಮೌನವು ಆಟದ ಸದ್ದನ್ನೂ ಅಕ್ಕನ ಕೂಗನ್ನೂ ಒಂದೇ ಎಂದು ಬಗೆಯುತ್ತದೆ. ಅದರ ಬದಲಿಗೆ ‘ಡು ನಾಟ್ ಡಿಸ್ಟರ್ಬ್’ ಎಂಬ ಏರ್ಪಾಡನ್ನು ಬಳಸಬೇಕು. ಅದರಲ್ಲಿ ವಿನಾಯಿತಿಗಳುಂಟು. ಆಯ್ದ ಕೆಲವರ ಹೆಸರಿಗೆ ನಕ್ಷತ್ರದ ಗುರುತು ಹಾಕಿಟ್ಟು, ಅವರ ಕರೆ ಮಾತ್ರ ಸದ್ದು ಮಾಡುವಂತೆ ಇರಿಸಬಹುದು. ಹೆಸರು ಗುರುತು ಮಾಡಿರದವರೇ ಆದರೂ, ಒಬ್ಬರೇ 15 ನಿಮಿಷದೊಳಗೆ ಎರಡನೆಯ ಸಲ ಕರೆದರೆ ಫೋನು ಮೌನ ಮುರಿದು ಬಾರಿಸುವಂತೆ ಆ್ಯಂಡ್ರಾಯ್ಡಿನಲ್ಲಿ ಆಯ್ಕೆಯಿದೆ. ಐಫೋನಿನಲ್ಲಿ ಆ ಅವಧಿ 3 ನಿಮಿಷ. ಅಕ್ಕನವರು ಆ ರಾತ್ರಿ ಮಾಡಿದ್ದು ಎರಡು ಕರೆ, ಒಂದರ ಬೆನ್ನಿಗೊಂದು. ನಾವು ಇಷ್ಟನ್ನು ತಿಳಿದಿದ್ದರೆ ಎರಡನೆಯದು ಕೇಳಿಸುತ್ತಿತ್ತು.

ತಾಯ್ತಂದೆಯರ ಗಮನಕ್ಕೆ ಇನ್ನೊಂದು ಮಾತು. ಗುಂಡು, ಮಿಠಾಯಿಗಳ ಆಟದ ಆಹ್ವಾನ ಬರುವ ದಾರಿಯಲ್ಲಿಯೇ ಹಣ ಕಟ್ಟಿ ಆಡುವ ರಮ್ಮಿ, ಪಂದ್ಯಗಳ ಆಹ್ವಾನಗಳೂ ಬರುತ್ತವೆ. ‘ಗೆಳೆಯನನ್ನು ಕರೆತಂದರೆ ಇಷ್ಟು ರೂಪಾಯಿ’ ಎಂಬ ಆಮಿಷ ಅದರ ಬೆನ್ನಿಗಿರುತ್ತದೆ. ಹಣ ಪಣಕ್ಕಿಡುವ ಆನ್‌ಲೈನ್ ಆಟಗಳನ್ನೂ ಅವುಗಳ ಜಾಹೀರಾತನ್ನೂ ನಿಷೇಧಿಸುವ ಕಾಯ್ದೆಯನ್ನು ಸಂಸತ್ತು 2025ರ ಆಗಸ್ಟ್‌ನಲ್ಲಿ ಅಂಗೀಕರಿಸಿತು. ಆ ತಿಂಗಳ 22ರಂದು ರಾಷ್ಟ್ರಪತಿಗಳ ಅಂಕಿತವೂ ದೊರೆಯಿತು. ಅಂತಹ ಆಟವನ್ನು ನಡೆಸುವವರಿಗೆ 3 ವರ್ಷಗಳವರೆಗೆ ಸೆರೆವಾಸ, 1 ಕೋಟಿ ರೂಪಾಯಿಗಳವರೆಗೆ ದಂಡವನ್ನು ಅದು ವಿಧಿಸುತ್ತದೆ. ಆಡಿ ಕಳೆದುಕೊಂಡವರನ್ನು ಅಪರಾಧಿಯೆಂದು ಎಣಿಸುವುದಿಲ್ಲ. ಆದುದರಿಂದ ಮನೆಯ ಮಗನೊಬ್ಬನು ಮೋಸಹೋಗಿ ಹಣ ಕಳೆದುಕೊಂಡಿದ್ದರೆ ಮರ್ಯಾದೆಗೆ ಅಂಜಿ ಮುಚ್ಚಿಡದೆ, 1930 ಎಂಬ ಸಹಾಯವಾಣಿಗೆ ಕೂಡಲೇ ತಿಳಿಸುವುದು ಲೇಸು. ತಡವಾದಷ್ಟೂ ಹಣ ಕೈಗೆ ಮರಳುವುದು ಕಷ್ಟ.

ಅಕ್ಕನವರ ಫೋನನ್ನು ಸರಿಪಡಿಸಲು ನಾವೇ ಬೈಲಹೊಂಗಲಕ್ಕೆ ಹೋಗಿದ್ದೆವು. ಹಸಿರು ಗುಂಡಿ ಕಾಣಿಸಿಕೊಂಡಾಗ ಮೂಲೆಯ ಸಣ್ಣ ಗುರುತನ್ನು ಒತ್ತುವುದನ್ನು ತೋರಿಸಿದೆವು. ಕನ್ನಡಕ ಏರಿಸಿಕೊಂಡು ನಾಲ್ಕು ಸಲ ಒತ್ತಿ ಕಲಿತರು. ಆಟವನ್ನೂ ತೆಗೆದುಬಿಡಲೇ ಎಂದು ಕೇಳಿದ್ದಕ್ಕೆ ಫೋನನ್ನು ನಮ್ಮ ಕೈಯಿಂದ ಕಸಿದುಕೊಂಡರು. ಮೊನ್ನೆ ಫೋನಿನಲ್ಲಿ ಮಾತಾಡುವಾಗ, ಈಗ ಯಾರನ್ನೂ ಜೀವ ಬೇಡುವುದಿಲ್ಲವಲ್ಲ, ಸೋತರೆ ಏನು ಮಾಡುತ್ತೀ ಎಂದು ವಿಚಾರಿಸಿದೆವು.

“ಏನ ಮಾಡೂದೈತಿ? ಅದು ಬರೂ ತನಕಾ ಜ್ವಾಳ ಹಸನ ಮಾಡತೀನಿ. ಹೋದ ವಾರ ಎರಡ ಚೀಲ ಮುಗದಾವ.”