ಬೈಕಿನ ಹಿಂದೆ ಕೂತವರ ವಿಮೆ



ಆಳಂದ, ಅಫಜಲಪುರ, ಜೇವರ್ಗಿ ಭಾಗದ ಹಳ್ಳಿಗಳಲ್ಲಿ ಬಸ್ಸು ತಪ್ಪಿದರೆ ಬೈಕೇ ಗತಿ. ಸಂತೆಗೆ, ದವಾಖಾನೆಗೆ, ತೊಗರಿ ರಾಶಿಗೆ, ಹುಣ್ಣಿಮೆಯ ದಿನ ಗಾಣಗಾಪುರಕ್ಕೆ ಹೊರಟಾಗ ತಾಯಿಯೋ ಹೆಂಡತಿಯೋ ನೆರೆಮನೆಯವರೋ ಹಿಂದೆ ಕೂತಿರುತ್ತಾರೆ. ಬೈಕ್ ಜಾರಿ ಬಿದ್ದು ಅವರ ಕಾಲು ಮುರಿದರೆ ಪರಿಹಾರ ಯಾರು ಕೊಡಬೇಕು?

‘ಇನ್ಶೂರೆನ್ಸ್ ಐತಲ್ಲ’ ಎಂಬ ಧೈರ್ಯ ಬಹಳ ಜನರಿಗಿದೆ. ಆದರೆ ಕಡ್ಡಾಯದ ಥರ್ಡ್ ಪಾರ್ಟಿ ವಿಮೆಯೊಂದೇ ಇದ್ದರೆ ಹಿಂಬದಿ ಸವಾರರಿಗೆ ಆ ಬೈಕಿನ ವಿಮಾ ಕಂಪನಿ ಹೊಣೆಯಲ್ಲವೆಂದು ಸುಪ್ರೀಂ ಕೋರ್ಟ್ 2006ರಲ್ಲೇ ತಿಲಕ್ ಸಿಂಗ್ ಪ್ರಕರಣದಲ್ಲಿ ಹೇಳಿದೆ. ಆಗ ಪರಿಹಾರದ ಹಣ ಸವಾರ ಮತ್ತು ಮಾಲೀಕರ ತಲೆಗೇ ಬರುತ್ತದೆ. ಎರಡು ಎಕರೆ ಹೊಲದವರು ಲಕ್ಷಗಟ್ಟಲೆ ಎಲ್ಲಿಂದ ತರಬೇಕು? ಗಾಯಾಳುವಿಗೆ ಆದೇಶದ ಪ್ರತಿ ಸಿಗುತ್ತದೆ, ದುಡ್ಡು ಸಿಗುವುದಿಲ್ಲ.

ಪ್ಯಾಕೇಜ್ (ಕಾಂಪ್ರಹೆನ್ಸಿವ್) ಪಾಲಿಸಿ ಇದ್ದರೆ ಹಿಂಬದಿ ಸವಾರರೂ ಅದರಲ್ಲಿ ಸೇರುತ್ತಾರೆ. ವಿಮಾ ನಿಯಂತ್ರಣ ಪ್ರಾಧಿಕಾರ ಇದನ್ನು 2009ರ ನವೆಂಬರ್‌ನಲ್ಲೇ ಸ್ಪಷ್ಟಪಡಿಸಿದೆ. ಇನ್ನೊಂದು ವಾಹನದ ತಪ್ಪಿದ್ದರೆ ಅದರ ವಿಮಾ ಕಂಪನಿಯಿಂದಲೇ ಪರಿಹಾರ ಕೇಳಬಹುದು. ಪಾಲಿಸಿಗಳ ಈ ವ್ಯತ್ಯಾಸವನ್ನು ಶೋರೂಮಿನಲ್ಲಿ ಹೇಳುವವರು ಯಾರು? 2018ರ ಸೆಪ್ಟೆಂಬರ್‌ನಿಂದ ಹೊಸ ಬೈಕಿಗೆ ಐದು ವರ್ಷದ ಥರ್ಡ್ ಪಾರ್ಟಿ ವಿಮೆ ಕಡ್ಡಾಯವಾದ ಮೇಲೆ ಜನ ಪಾಲಿಸಿಯ ಕಾಗದವನ್ನು ತಿರುಗಿ ನೋಡುವುದನ್ನೇ ಬಿಟ್ಟಿದ್ದಾರೆ.

ದೇಶದ ಬಹುತೇಕ ಬೈಕುಗಳಿಗೆ ಎರಡು ಸೀಟು ಇರುವಾಗ ಕಡ್ಡಾಯ ವಿಮೆ ಒಂದು ಸೀಟನ್ನು ಕೈಬಿಡುವುದು ಅನ್ಯಾಯ. ಕೇಂದ್ರ ಸರ್ಕಾರ ಮೋಟಾರು ವಾಹನ ಕಾಯ್ದೆಯ 147ನೇ ಕಲಮಿಗೆ ತಿದ್ದುಪಡಿ ತರಲಿ. ಅಲ್ಲಿಯವರೆಗೆ ‘ಹಿಂಬದಿ ಸವಾರರಿಗೆ ರಕ್ಷಣೆ ಇದೆ’ ಅಥವಾ ‘ಇಲ್ಲ’ ಎಂದು ಪಾಲಿಸಿಯ ಮೊದಲ ಪುಟದಲ್ಲೇ ದಪ್ಪ ಕನ್ನಡ ಅಕ್ಷರದಲ್ಲಿ ಅಚ್ಚಾಗಲಿ.

— ಓದುಗ, ಅಫಜಲಪುರ