ಕಣ್ಣಿಗಿಂತ ಮೊದಲು ಕಾಣುವ ಮನಸ್ಸು

ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎಂದರು ನಮ್ಮ ಹಿರಿಯರು. ಕಂಡದ್ದನ್ನು ಮತ್ತೆ ಪರೀಕ್ಷಿಸುವುದೇಕೆ? ಕಣ್ಣು ನೋಡುವುದಕ್ಕೆ ಮೊದಲೇ, ಏನು ಕಾಣಬೇಕೆಂಬುದನ್ನು ಮನಸ್ಸು ಅನೇಕ ಸಲ ನಿಶ್ಚಯಿಸಿಬಿಟ್ಟಿರುತ್ತದೆ. ಈ ನಿಶ್ಚಯಕ್ಕೇ ಪೂರ್ವಗ್ರಹವೆಂದು ಹೆಸರು.

ನಮ್ಮ ಬೀದರ್ ಜಿಲ್ಲೆಯಲ್ಲಿ 2018ರ ಜುಲೈ 13ರಂದು ಇದಕ್ಕೆ ಒಂದು ಜೀವ ಬಲಿಯಾಯಿತು. ಮಕ್ಕಳ ಕಳ್ಳರು ಬಂದಿದ್ದಾರೆಂಬ ಸುಳ್ಳು ಸುದ್ದಿ ಆ ದಿನಗಳಲ್ಲಿ ವಾಟ್ಸಾಪ್ ಮೂಲಕ ಊರೂರು ಸುತ್ತುತ್ತಿತ್ತು. ಹೈದರಾಬಾದಿನಿಂದ ಬಂದಿದ್ದ ಗೆಳೆಯರು ಹಂದಿಕೇರಾ ಗ್ರಾಮದ ಬಳಿ ಮಕ್ಕಳಿಗೆ ಚಾಕಲೇಟು ಕೊಟ್ಟರು. ಜನರ ಸಂಶಯಕ್ಕೆ ಹೆದರಿ ಕಾರು ಹತ್ತಿ ಹೊರಟವರನ್ನು ಮುರ್ಕಿ ಗ್ರಾಮದಲ್ಲಿ ತಡೆದು ಗುಂಪು ಹಲ್ಲೆ ನಡೆಸಿತು. ಒಬ್ಬ ಯುವ ಸಾಫ್ಟ್‌ವೇರ್ ಇಂಜಿನಿಯರ್ ಮಡಿದರು. ರಕ್ಷಣೆಗೆ ಬಂದ ಪೊಲೀಸರೂ ಗಾಯಗೊಂಡರು. ಕಳವಾದ ಮಗು ಮಾತ್ರ ಎಲ್ಲಿಯೂ ಇರಲಿಲ್ಲ.

ಇಲ್ಲಿ ಮನಸ್ಸು ನಡೆದ ಹಾದಿಯನ್ನು ಗಮನಿಸಬೇಕು. ಅತಿಥಿಗಳು ಮಕ್ಕಳಿಗೆ ಸಿಹಿ ಕೊಡುವುದು ನಮ್ಮಲ್ಲಿ ವಾತ್ಸಲ್ಯದ ಲಕ್ಷಣ. ಸಂಶಯದ ಕಣ್ಣಿಗೆ ಅದೇ ಸಿಹಿ ಗಾಳವಾಯಿತು. ಜೀವಭಯದಿಂದ ಓಡಿದ್ದೇ ಅಪರಾಧಕ್ಕೆ ಸಾಕ್ಷಿಯಾಯಿತು. ಕಾಮಾಲೆ ಕಣ್ಣಿಗೆ ಕಂಡದ್ದೆಲ್ಲ ಹಳದಿ ಎಂಬ ಗಾದೆ ಹೇಳುವುದು ಇದನ್ನೇ.

ಇದು ಅವಿದ್ಯಾವಂತರ ದೌರ್ಬಲ್ಯವೆಂದು ಯಾರೂ ಸಮಾಧಾನಪಡಬೇಕಾಗಿಲ್ಲ. 1999ರಲ್ಲಿ ಪ್ರಕಟವಾದ ಅಮೆರಿಕದ ಪ್ರಸಿದ್ಧ ಪ್ರಯೋಗವೊಂದರಲ್ಲಿ, ಚೆಂಡಾಟದ ಚಿತ್ರ ತೋರಿಸಿ ಚೆಂಡು ಎಷ್ಟು ಸಲ ಕೈ ಬದಲಾಯಿಸಿತೆಂದು ಎಣಿಸಲು ವಿದ್ಯಾರ್ಥಿಗಳಿಗೆ ಹೇಳಲಾಯಿತು. ಆಟಗಾರರ ನಡುವೆ ಗೊರಿಲ್ಲಾ ವೇಷಧಾರಿಯೊಬ್ಬರು ಹಾದುಹೋದದ್ದು ಸುಮಾರು ಅರ್ಧದಷ್ಟು ಮಂದಿಗೆ ಕಾಣಲೇ ಇಲ್ಲ. ಹುಡುಕಿದ್ದು ಮಾತ್ರ ಕಣ್ಣಿಗೆ ಬೀಳುತ್ತದೆ. ಹುಡುಕದಿದ್ದುದು ಎದುರಿಗಿದ್ದರೂ ಮರೆಯಾಗುತ್ತದೆ.

ದಿನನಿತ್ಯದ ಬದುಕಿನಲ್ಲಿಯೂ ಹೀಗೆಯೇ. ಮನೆಯಲ್ಲಿ ಹಣ ಕಾಣದಿದ್ದರೆ ಮೊದಲ ದೃಷ್ಟಿ ಕೆಲಸದಾಕೆಯ ಮೇಲೆ. ಕುರಿ ತಪ್ಪಿದರೆ ಊರ ಹೊರಗಿನ ಗುಡಾರದ ಮೇಲೆ. ಹಣ ಬೇರೊಂದು ಅಂಗಿಯ ಜೇಬಿನಲ್ಲಿ ಸಿಕ್ಕಿದಾಗ ನಾವು ಅದನ್ನು ಮರೆಯುತ್ತೇವೆ. ಆದರೆ ಆ ನೋಟಕ್ಕೆ ಗುರಿಯಾದವರು ಮರೆಯುವುದಿಲ್ಲ.

ಮುರ್ಕಿಯ ಘಟನೆಯಾದ ನಾಲ್ಕೇ ದಿನಗಳಲ್ಲಿ, ಅದಾಗಲೇ ವಿಚಾರಣೆ ನಡೆಸಿದ್ದ ಪ್ರಕರಣವೊಂದರಲ್ಲಿ, ಸುಪ್ರೀಂ ಕೋರ್ಟು ಗುಂಪುಹತ್ಯೆ ತಡೆಗೆ ಸರಕಾರಗಳಿಗೆ ನಿರ್ದೇಶನ ನೀಡಿತು. ಅದೇ ತಿಂಗಳು ವಾಟ್ಸಾಪ್ ಸಂಸ್ಥೆ ಭಾರತದಲ್ಲಿ ಒಂದು ಸಂದೇಶವನ್ನು ಏಕಕಾಲಕ್ಕೆ ಐದು ಕಡೆಗೆ ಮಾತ್ರ ರವಾನಿಸುವ ಮಿತಿ ಪ್ರಕಟಿಸಿತು. ಕಾನೂನು ಕೈಯನ್ನು ತಡೆಯಬಹುದು, ಯಂತ್ರ ಬೆರಳನ್ನು ತಡೆಯಬಹುದು. ಮನಸ್ಸನ್ನು ತಡೆಯಬೇಕಾದವರು ನಾವೇ.

ಅದಕ್ಕೆ ಬೇಕಾದುದು ಒಂದು ಪ್ರಶ್ನೆ: ನನ್ನ ಊಹೆ ಸುಳ್ಳಾಗಿದ್ದರೆ, ಅದನ್ನು ತಿಳಿಯುವ ದಾರಿ ಯಾವುದು? ಅಂದು ಆ ಅತಿಥಿಗಳು ಯಾರ ಮನೆಗೆ ಬಂದಿದ್ದಾರೆಂದು ಶಾಂತವಾಗಿ ವಿಚಾರಿಸಿದ್ದರೆ ಸಾಕಿತ್ತು. ಸಂಶಯ ಬಲವಾಗಿದ್ದರೆ ತಿಳಿಸಲು ಪೊಲೀಸ್ ಠಾಣೆಯಿದೆ. ಇಂದು 112ಕ್ಕೆ ಕರೆ ಮಾಡಿದರೂ ಆದೀತು.

ರಾಜೇಶ್ವರ, ಹುಮನಾಬಾದ್, ಬಸವಕಲ್ಯಾಣದ ನಮಗೆ ಹೊರಗಿನವರು ಹೊಸಬರಲ್ಲ. 12ನೇ ಶತಮಾನದಲ್ಲಿ ಉಡುತಡಿಯಿಂದ ಅಕ್ಕಮಹಾದೇವಿ ಬಂದದ್ದು ಈ ಕಲ್ಯಾಣಕ್ಕೆ. ಮೋಳಿಗೆಯ ಮಾರಯ್ಯ ಕಾಶ್ಮೀರದಿಂದ ಬಂದರೆಂದು ಪರಂಪರೆ ನಂಬುತ್ತದೆ. ಬಂದವರನ್ನು ಕುಳ್ಳಿರಿಸಿ ಮಾತನಾಡಿಸಿದ ನಾಡು ಇದು. ನಾಳೆ ನಮ್ಮ ಊರ ಬಾಗಿಲಲ್ಲಿ ಅಪರಿಚಿತರು ನಿಂತಾಗ, ತೀರ್ಪು ಕೊಡುವ ಮೊದಲು ಅವರ ಹೆಸರನ್ನು, ಊರನ್ನು ಕೇಳೋಣ.